ಅರ್ಧ ಗ್ಲಾಸ್ ಟೀ

ನಾನು ಟೀ ಬಿಡುವವಳಲ್ಲ.

ನನ್ನನ್ನು ಬಲ್ಲವರಿಗೆಲ್ಲ ಇದು ಗೊತ್ತು. ಪೊಲೀಸ್ ಇಲಾಖೆಯಲ್ಲಿದ್ದಾಗ, ಹೆಣದ ಪಕ್ಕದಲ್ಲಿ ನಿಂತು ಟೀ ಕುಡಿಯುವ ಹೆಂಗಸು ಎಂದು ಹಿಂದಿನಿಂದ ಆಡಿಕೊಳ್ಳುತ್ತಿದ್ದರು. ಆಡಿಕೊಂಡವರಿಗೂ ನಾನೇ ಟೀ ತರಿಸಿಕೊಟ್ಟಿದ್ದೇನೆ. ಟೀ ತಣ್ಣಗಾಗಿರಲಿ, ಸಕ್ಕರೆ ಹೆಚ್ಚಾಗಿರಲಿ, ತಳದ ಚರಟ ಕಾಣುವವರೆಗೂ ಕುಡಿಯುವುದು ನನ್ನ ಜಾಯಮಾನ.

ನಿನ್ನೆ ಮಧ್ಯಾಹ್ನ ಇದೇ ಕೋಣೆಯಲ್ಲಿ, ಇದೇ ಪುಟ್ಟ ಮೇಜಿನ ಮೇಲಿದ್ದ ಗ್ಲಾಸನ್ನು ನಾನು ಖಾಲಿ ಮಾಡಿಯೇ ಎದ್ದಿದ್ದೆ. ಈಗ ಅದರಲ್ಲಿ ಅರ್ಧ ಟೀ ಇತ್ತು.

ಬಗ್ಗಿ ನೋಡಿದೆ. ಮಂಡಿ ಎರಡೂ ಕಟಕಟ ಎಂದು ದೂರು ಹೇಳಿದವು. ಟೀ ಕೆನೆಗಟ್ಟಿ ತಣ್ಣಗೆ ಕೊರೆಯುತ್ತಿತ್ತು.

"ಏನು ನೋಡ್ತಿದ್ದೀರಿ ಮೇಡಂ?" ಎಂದು ಬಾಗಿಲಲ್ಲಿ ನಿಂತಿದ್ದ ತಂಗಿ ಕೇಳಿದಳು.

"ಏನಿಲ್ಲ. ನೀವು ಕೂತ್ಕೊಳ್ಳಿ."

ಅವಳು ಕೂರಲಿಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾ, ಬಿಚ್ಚುತ್ತಾ ಅಲ್ಲೇ ನಿಂತಳು.

ತಂಗಿ ಎಂದರೆ ನನ್ನ ತಂಗಿಯಲ್ಲ, ಈ ಮನೆಯೊಡತಿಯ ತಂಗಿ. ಮನೆಯೊಡತಿ ಹಳೆಯ ನಟಿ. ನಿನ್ನೆ ನನ್ನೆದುರು ಕೂತು ಬಾಯ್ತುಂಬ ನಕ್ಕವಳು ಇವತ್ತು ಬೆಳಗಾಗುವಷ್ಟರಲ್ಲಿ ಮಾಯವಾಗಿದ್ದಳು. ಬಾಗಿಲಿಗೆ ಹೊರಗಿನಿಂದ ಬೀಗ ಬಿದ್ದಿತ್ತು. ಚಪ್ಪಲಿ ಗೂಡಿನಲ್ಲೇ ಇತ್ತು, ಕನ್ನಡಕ ದಿಂಬಿನ ಪಕ್ಕದಲ್ಲೇ ಇತ್ತು. ಎಲ್ಲಕ್ಕಿಂತ ಮುಖ್ಯವಾಗಿ, ಅವಳ ಇನ್ಸುಲಿನ್ ಫ್ರಿಜ್ಜಿನ ಬಾಗಿಲಲ್ಲಿ ಹಾಗೇ ಇತ್ತು.

ಅಕ್ಕನದು ಹಳೆಯ ಸಕ್ಕರೆ ಕಾಯಿಲೆ. ರಾತ್ರಿ ಊಟಕ್ಕೆ ಮುಂಚೆ ಒಂದು ಸೂಜಿ, ಬೆಳಿಗ್ಗೆ ತಿಂಡಿಗೆ ಮುಂಚೆ ಇನ್ನೊಂದು. ಎರಡೂ ತಪ್ಪಿವೆ. ಇವತ್ತು ರಾತ್ರಿಯದೂ ತಪ್ಪಿದರೆ ಅವಳನ್ನು ಹುಡುಕಿ ಪ್ರಯೋಜನವಿರುವುದಿಲ್ಲ ಎಂದು ಅವಳ ಡಾಕ್ಟರು ಫೋನಿನಲ್ಲಿ ಸ್ಪಷ್ಟವಾಗಿ ಹೇಳಿದ್ದರು.

ಸ್ಟೇಷನ್ನಿನ ಹೊಸ ಇನ್ಸ್‌ಪೆಕ್ಟರ್ ಮಾತ್ರ, "ವಯಸ್ಸಾದವರು, ಪಕ್ಕದ ಬೀದಿಗೆ ಹರಟೆಗೆ ಹೋಗಿರ್ತಾರೆ ಮೇಡಂ, ಸಂಜೆ ತನಕ ನೋಡೋಣ" ಎಂದಿದ್ದ. ಬರಿಗಾಲಲ್ಲಿ, ಕನ್ನಡಕವಿಲ್ಲದೆ, ಬಾಗಿಲಿಗೆ ಬೀಗ ಹಾಕಿಕೊಂಡು ಹರಟೆಗೆ ಹೋಗುವವರನ್ನು ನಾನಂತೂ ಕಂಡಿಲ್ಲ. ಫೋನಿನಲ್ಲಿ ಅವನ ಮೇಲೆ ರೇಗಿ, ಬೇಕಾದ್ದಕ್ಕಿಂತ ಜೋರಾಗಿ ಫೋನ್ ಕುಕ್ಕಿದ್ದೆ.

ನಾನು ಮತ್ತೆ ಕೋಣೆಯ ಮೇಲೆ ಕಣ್ಣಾಡಿಸಿದೆ.

ನಾನು ಕೂತಿದ್ದ ಬೆತ್ತದ ಕುರ್ಚಿ ಕಿಟಕಿಗೆ ಎದುರಾಗಿತ್ತು. ನಿನ್ನೆ ಬಂದಾಗಲೂ ಅಲ್ಲೇ ಇತ್ತು, ಸರಿ. ಆದರೆ ಬಿಸಿಲು ನೇರ ಕಣ್ಣಿಗೆ ಬೀಳುತ್ತಿದೆಯೆಂದು ಅದನ್ನು ಗೋಡೆಯ ಕಡೆಗೆ ಎಳೆದುಕೊಂಡಿದ್ದು ನನಗೆ ಚೆನ್ನಾಗಿ ನೆನಪಿದೆ.

ಅಕ್ಕನ ಬೂದು ಶಾಲು ಅವಳ ಕುರ್ಚಿಯ ಕೈಮೇಲೆ ನೀಟಾಗಿ ಮಡಚಿಕೊಂಡು ಕೂತಿತ್ತು. ನಿನ್ನೆ ನನ್ನನ್ನೂ ತಂಗಿಯನ್ನೂ ಗೇಟಿನವರೆಗೆ ಬಿಡಲು ಬಂದಾಗ ಅದು ಅವಳ ಹೆಗಲ ಮೇಲಿತ್ತು. ಗಾಳಿಗೆ ಹಾರಿ ನನ್ನ ಮುಖಕ್ಕೇ ಬಡಿದಿತ್ತು.

ದಿವಾನದ ಕೆಳಗೆ ಟಾರ್ಚಿನ ಬೆಳಕು ಬಿಟ್ಟೆ. ಗೋಡೆಯ ಸಂದಿಯಲ್ಲಿ ಗಾಜಿನ ಚೂರೊಂದು ಹೊಳೆಯಿತು. ಮೂಗು ನೆಲದ ಹತ್ತಿರ ಹೋದಾಗ ಫಿನಾಯಿಲ್ ವಾಸನೆ ಗಪ್ಪೆಂದು ಹೊಡೆಯಿತು, ಅದೂ ಮೇಜಿನ ಸುತ್ತ ಮಾತ್ರ. ಉಳಿದ ನೆಲದ ಮೇಲೆ ತೆಳ್ಳಗೆ ಧೂಳಿತ್ತು.

ಇಲ್ಲಿ ಏನೋ ನಡೆದಿದೆ. ಗ್ಲಾಸು ಒಡೆದಿದೆ, ನೆಲಕ್ಕೆ ಚೆಲ್ಲಿದ್ದನ್ನು ಒರೆಸಿದ್ದಾರೆ. ಅದು ಟೀಯೋ ಬೇರೆ ಏನೋ ಎಂದು ಯೋಚಿಸಲು ನನಗೆ ಇಷ್ಟವಾಗಲಿಲ್ಲ. ಆಮೇಲೆ ಯಾರೋ ಸಾವಧಾನವಾಗಿ ಕೋಣೆಯನ್ನು ಮೊದಲಿನಂತೆ ಜೋಡಿಸಿದ್ದಾರೆ. ಟೀ ಕೂಡ ಹೊಸದಾಗಿ ಮಾಡಿ, ಅಳೆದು ಸುರಿದಿದ್ದಾರೆ. ಒಂಟಿ ಮುದುಕಿಯ ಮನೆಯಲ್ಲಿ ನಿಂತು ಇಷ್ಟು ತಾಳ್ಮೆಯಿಂದ ಟೀ ಕಾಯಿಸಿದವರು ಎಂಥವರಿರಬಹುದು?

ಗೋಡೆಯ ತುಂಬ ಅಕ್ಕನ ಫೋಟೋಗಳಿದ್ದವು. ಹೆಚ್ಚಿನವುಗಳಲ್ಲಿ ಅವಳು ಸಾಯುತ್ತಿದ್ದಳು.

ನಮ್ಮ ಕಾಲದ ಸಿನಿಮಾ ನೋಡಿದವರಿಗೆ ಅವಳ ಹೆಸರು ಗೊತ್ತಿಲ್ಲದಿದ್ದರೂ ಮುಖ ಗೊತ್ತಿರುತ್ತದೆ. ನಾಯಕನ ಅಕ್ಕ, ನಾಯಕಿಯ ಅಕ್ಕ, ಖಳನಾಯಕ ಕೈಕೊಟ್ಟ ಅಕ್ಕ. ಕೆಮ್ಮಿಯೋ, ಮೆಟ್ಟಿಲಿಂದ ಉರುಳಿಯೋ, ವಿಷ ಕುಡಿದೋ ಇಂಟರ್ವಲ್ಲಿಗೆ ಮುಂಚೆ ಸಾಯಲೇಬೇಕು. ಅವಳು ಸತ್ತರೆ ಕಡಲೆಕಾಯಿಗೆ ಏಳುವ ಹೊತ್ತಾಯಿತೆಂದು ಜನ ಲೆಕ್ಕ ಹಾಕುತ್ತಿದ್ದರು. ಹಾಗಾಗಿಯೇ 'ಇಂಟರ್ವಲ್ ಅಕ್ಕ' ಎಂಬ ಹೆಸರು ಅಂಟಿಕೊಂಡಿತು. ಅವಳಿಗೆ ಅದರ ಬಗ್ಗೆ ಬೇಜಾರಿರಲಿಲ್ಲ. "ಪೂರ್ತಿ ಬದುಕಿದ ನಾಯಕಿಯರನ್ನ ಜನ ಮರೆತರು, ಅರ್ಧಕ್ಕೆ ಸತ್ತ ನನಗೆ ಇನ್ನೂ ಹೆಸರಿಟ್ಟು ಕರೀತಾರೆ ನೋಡಿ" ಎಂದು ನಿನ್ನೆ ನನ್ನ ಮುಂದೆ ನಕ್ಕಿದ್ದಳು.

ಸಿನಿಮಾಕ್ಕೆ ಮುಂಚೆ ನಾಟಕ. ಊರೂರು ಸುತ್ತುವ ಕಂಪನಿಯಲ್ಲಿ ನಾಯಕಿಯ ಗೆಳತಿಯ ಪಾತ್ರ. ಬಟ್ಟೆಬರೆ ನೋಡಿಕೊಳ್ಳಲು ತಂಗಿಯೂ ಜೊತೆಗಿದ್ದಳು. ಆ ಕಂಪನಿಯ ಮಾಲೀಕನದೊಂದು ನಿಯಮವಿತ್ತು. ನಾಟಕ ಶುರುವಾಗುವ ಮೂರನೇ ಗಂಟೆ ಹೊಡೆದಾಗ ರಂಗದ ಪಕ್ಕದಲ್ಲಿ ಬಣ್ಣ ಹಚ್ಚಿಕೊಂಡು ಯಾರು ನಿಂತಿರುತ್ತಾರೋ ಆವತ್ತಿನ ಪಾತ್ರ ಅವರದು. ನಾಯಕಿಯೇ ಆಗಲಿ, ತಡವಾದರೆ ಗೆಳತಿ ಒಳಗೆ ಹೋಗುತ್ತಾಳೆ. ಇದರಿಂದ ಕಂಪನಿಯಲ್ಲಿ ಯಾರೂ ತಡ ಮಾಡುತ್ತಿರಲಿಲ್ಲ, ಯಾರೂ ಯಾರನ್ನೂ ನಂಬುತ್ತಲೂ ಇರಲಿಲ್ಲ.

ಒಂದು ಸಂಜೆ ಮೂರನೇ ಗಂಟೆ ಹೊಡೆದಾಗ ನಾಯಕಿ ಬರಲಿಲ್ಲ. ಅಕ್ಕ ಒಳಗೆ ಹೋದಳು. ಮೊದಲ ಅಂಕ ಮುಗಿಯುವ ಮುಂಚೆ ಹಿಂದಿನ ಬಣ್ಣದ ಕೋಣೆಗೆ ಬೆಂಕಿ ಬಿತ್ತು. ನಾಯಕಿ ಒಳಗೇ ಇದ್ದಳು. ಬಾಗಿಲಿಗೆ ಹೊರಗಿನಿಂದ ಚಿಲಕ ಹಾಕಿತ್ತು.

ದೀಪ ಹೇಗೆ ಉರುಳಿತೆಂದು ಯಾರಿಗೂ ಗೊತ್ತಿಲ್ಲ. ಬೆಂಕಿ ಹಚ್ಚಬೇಕೆಂದು ಯಾರೂ ಚಿಲಕ ಹಾಕಿರಲಿಕ್ಕಿಲ್ಲ. ಒಂದು ಪ್ರವೇಶ ತಪ್ಪಿಸಬೇಕೆಂದು ಹಾಕಿರಬಹುದು, ಅಷ್ಟೇ. ಆದರೆ ಆ ಪ್ರವೇಶ ತಪ್ಪಿದ್ದರಿಂದ ಲಾಭವಾದದ್ದು ಅಕ್ಕನಿಗೆ. ಅಂದಿನಿಂದ ಅವಳು ಹೋದಲ್ಲೆಲ್ಲ ಬೆನ್ನ ಹಿಂದೆ ಪಿಸುಮಾತು ಹೋಯಿತು. ನಲವತ್ತು ವರ್ಷ ಅವಳು ಅದಕ್ಕೆ ತುಟಿ ಪಿಟಕ್ಕೆನ್ನಲಿಲ್ಲ.

ಬರುವ ಭಾನುವಾರ ಅವಳಿಗೆ ಸನ್ಮಾನವಿತ್ತು. ಆ ವೇದಿಕೆಯ ಮೇಲೆ ಚಿಲಕ ಹಾಕಿದವರು ಯಾರೆಂದು ಹೇಳಿಬಿಡುವುದಾಗಿ ನಿನ್ನೆ ನನಗೆ ಹೇಳಿದ್ದಳು. ಹೇಳಿದ ಮೇಲೆ ತನಗೇನಾದರೂ ಆದರೆ ನೋಡಿಕೊಳ್ಳಿ ಎಂದೇ ನನ್ನನ್ನು ಕರೆಸಿದ್ದಳು. ಯಾರು ಎಂದು ಕೇಳಿದರೆ, "ಮೊದಲು ತಿಳಿಬೇಕಾದವಳಿಗೆ ಅರ್ಧ ಹೇಳಿದ್ದೀನಿ, ಉಳಿದರ್ಧ ಭಾನುವಾರ" ಎಂದು ಮಾತು ಮುಗಿಸಿದ್ದಳು.

ನಾಟಕ ಕಂಪನಿಯ ಮಾಲೀಕನ ಮಗನ ಮೇಲೆ ನನಗೆ ಮೊದಲು ಅನುಮಾನ ಬಂದಿತ್ತು. ಅಪ್ಪನ ಹೆಸರು ಕೆಡುವುದು ಅವನಿಗೆ ಬೇಕಿರಲಿಲ್ಲ. ಆದರೆ ಆ ಪುಣ್ಯಾತ್ಮ ಸನ್ಮಾನದ ಪರದೆ ಕಟ್ಟಲು ಏಣಿ ಹತ್ತಿ, ಬಿದ್ದು, ಹೋದ ವಾರದಿಂದ ಆಸ್ಪತ್ರೆಯಲ್ಲಿ ಕಾಲು ಮೇಲೆತ್ತಿ ಮಲಗಿದ್ದಾನೆ. ಅವನು ಗೋಡೆ ಹಾರಿ ಬಂದನೆಂದರೆ ಅವನ ಡಾಕ್ಟರಿಗೇ ಬಹುಮಾನ ಕೊಡಬೇಕು.

ಉಳಿದವಳು ತಂಗಿ.

ಅಕ್ಕ ಸಿನಿಮಾಕ್ಕೆ ಹೋದಾಗ ತಂಗಿಯನ್ನೂ ಕರೆದುಕೊಂಡು ಹೋಗಿ ಅಲ್ಲೇ ಕೆಲಸ ಕೊಡಿಸಿದ್ದಳು. ಕೆಲಸದ ಹೆಸರು ಕಂಟಿನ್ಯೂಟಿ. ಸಿನಿಮಾದಲ್ಲಿ ಒಂದೇ ದೃಶ್ಯವನ್ನು ಇವತ್ತು ಸ್ವಲ್ಪ, ನಾಲ್ಕು ದಿನ ಬಿಟ್ಟು ಸ್ವಲ್ಪ ತೆಗೆಯುತ್ತಾರೆ. ಇವತ್ತು ಅರ್ಧ ಇದ್ದ ಹಾಲು ಆವತ್ತೂ ಅರ್ಧವೇ ಇರಬೇಕು. ಬಲ ಹೆಗಲ ಮೇಲಿದ್ದ ಜಡೆ ಎಡಕ್ಕೆ ಹಾರಬಾರದು. ಅದನ್ನು ನೋಡಿಕೊಳ್ಳುವವಳು ಇವಳು. ಎಷ್ಟು ಕಟ್ಟುನಿಟ್ಟೆಂದರೆ ಚಿತ್ರತಂಡದವರು ಇವಳನ್ನು ಹದ್ದಿನಕಣ್ಣು ಎಂದೇ ಕರೆಯುತ್ತಿದ್ದರಂತೆ.

"ನೀವು ಎಷ್ಟು ಹೊತ್ತಿಗೆ ಬಂದ್ರಿ ಬೆಳಿಗ್ಗೆ?" ಎಂದು ಕೇಳಿದೆ.

"ಗೆಳತಿಯ ಊರಿಂದ ಮೊದಲ ಬಸ್ಸಿಗೆ. ಹೇಳಿದೆನಲ್ಲ. ನನ್ನ ಕೀಲಿಯಿಂದ ಬೀಗ ತೆಗೆದೆ, ಅಕ್ಕ ಇಲ್ಲ. ನಿಮಗೆ ಫೋನ್ ಮಾಡಿದೆ."

"ಬೀಗ ತೆಗೆದ ತಕ್ಷಣ?"

"ತಕ್ಷಣ ಅಂದ್ರೆ... ಮನೆಯೆಲ್ಲ ಹುಡುಕಿ."

"ಹುಡುಕಿ, ನೆಲ ಒರೆಸಿ, ಟೀ ಮಾಡಿ?"

ಬೆರಳಿಗೆ ಸುತ್ತಿಕೊಂಡ ಸೆರಗು ಅಲ್ಲಿಗೇ ನಿಂತಿತು.

"ಈ ಕೋಣೇನ ಯಾರೋ ಜೋಡಿಸಿಟ್ಟಿದ್ದಾರೆ," ಎಂದೆ. "ನಿನ್ನೆ ನಾವು ಹೊರಟ ಮೇಲೆ ಯಾರೂ ಬಂದೇ ಇಲ್ಲ ಅಂತ ತೋರಿಸೋಕೆ. ಕೊನೇಲಿ ನೋಡಿದವಳು ನಾನೇ ಅಂತ ಆಗಬೇಕು. ಶಾಲಿನ ಮಡಿಕೆ, ಕುರ್ಚಿಯ ಜಾಗ, ಗ್ಲಾಸಿನಲ್ಲಿ ಟೀ ಎಷ್ಟು ಅನ್ನೋದು ಸೇರಿ. ಇಂಥ ಕೆಲಸ ಮಾಡಬಲ್ಲವರು ಈ ಊರಲ್ಲಿ ಎಷ್ಟು ಜನ ಇದ್ದಾರೆ ಹೇಳಿ. ನನಗೆ ಗೊತ್ತಿರೋದು ಒಬ್ಬರೇ. ಬೆಳಿಗ್ಗೆ ಬಂದು ಏನೋ ಕಂಡಿರಿ, ಯಾರನ್ನೋ ಉಳಿಸೋಕೆ ಎಲ್ಲಾ ಸರಿ ಮಾಡಿದ್ರಿ. ಹೌದೋ ಅಲ್ವೋ?"

ಅವಳು ಅಳುತ್ತಾಳೆ ಎಂದುಕೊಂಡಿದ್ದೆ. ಅಳಲಿಲ್ಲ. ಮುಖ ಕೆಂಪೇರಿತು. ಕೋಣೆಯೊಳಕ್ಕೆ ಎರಡು ಹೆಜ್ಜೆ ಬಂದು ಕುರ್ಚಿಯ ಕಡೆ ಕೈ ತೋರಿಸಿದಳು.

"ಇದನ್ನ ನಾನು ಮಾಡಿದ್ದು ಅಂತೀರಾ? ಇದನ್ನ?"

"ಮತ್ತಿನ್ಯಾರು?"

"ನಾನು ಮಾಡಿದ್ರೆ ಹೀಗೆ ಮಾಡ್ತಿದ್ನಾ ಮೇಡಂ? ನೀವು ಎದ್ದಾಗ ಕುರ್ಚಿ ಆ ಗೋಡೆ ಹತ್ತಿರ ಇತ್ತು. ಹಿಂದಿನ ಕಾಲು ಜಮಖಾನದ ಅಂಚಿನ ಮೇಲೆ ಕೂತು ಒಂಚೂರು ಓಲಾಡ್ತಿತ್ತು. ಗ್ಲಾಸಲ್ಲಿ ಒಂದು ಹನಿ ಇರಲಿಲ್ಲ, ನೆಕ್ಕಿದ ಹಾಗೆ ಕುಡಿದಿದ್ರಿ. ಅಕ್ಕನ ಶಾಲು ಅಕ್ಕನ ಮೈಮೇಲೆ ಇತ್ತು. ಇಷ್ಟೂ ಗೊತ್ತಿಲ್ಲದವರು ಇಟ್ಟಿದ್ದು ಇದು. ನಾವು ಹೊರಟಾಗಿನ ಕೋಣೆಯೇ ಅಲ್ಲ. ಟೀ ಮಧ್ಯದ ಕೋಣೆ. ಫೋಟೋ ತೆಗೆದೆನಲ್ಲ, ಆವಾಗಿನ..."

ಮಾತು ಅರ್ಧಕ್ಕೆ ನಿಂತಿತು. ತಾನು ಏನು ಹೇಳಿಬಿಟ್ಟೆನೆಂದು ಅವಳಿಗೆ ಆಗ ಹೊಳೆಯಿತು. ಕೆಂಪೇರಿದ್ದ ಮುಖ ನೋಡನೋಡುತ್ತಿದ್ದಂತೆ ಬಿಳಚಿಕೊಂಡಿತು.

ನನಗೂ ನೆನಪಾಯಿತು. ನಿನ್ನೆ ನಾನು ಅರ್ಧ ಟೀ ಕುಡಿದಿದ್ದಾಗ ಇವಳು, "ಅಕ್ಕಾ, ಈ ಕಡೆ ನೋಡು" ಎಂದು ತನ್ನ ಫೋನಿನಲ್ಲಿ ನಮ್ಮಿಬ್ಬರ ಫೋಟೋ ತೆಗೆದಿದ್ದಳು. ಬಿಸಿಲಿಗೆ ನಾನು ಕಣ್ಣು ಕಿವುಚಿಕೊಂಡಿದ್ದೆ. ಫೋಟೋ ಆದ ಮೇಲೇ ಕುರ್ಚಿ ಎಳೆದದ್ದು, ಉಳಿದ ಟೀ ಕುಡಿದದ್ದು.

ಹಾಗಾದರೆ ಈ ಕೋಣೆಯನ್ನು ಜೋಡಿಸಿದವರು ನಿನ್ನೆ ಇಲ್ಲಿ ಇರಲಿಲ್ಲ. ಅವರ ಕೈಯಲ್ಲಿ ಫೋಟೋ ಮಾತ್ರ ಇತ್ತು.

"ಆ ಫೋಟೋ ಯಾರಿಗೆ ಕಳಿಸಿದ್ರಿ?"

"ಯಾರಿಗೂ ಇಲ್ಲ."

"ಫೋನ್ ಕೊಡಿ."

"ಅಳಿಸಿದ್ದೀನಿ." ಅವಳು ಫೋನನ್ನು ಎದೆಗೆ ಒತ್ತಿಕೊಂಡಳು. "ನಾನೇ ಮಾಡಿದ್ದು ಮೇಡಂ. ನೀವು ಹೇಳಿದ್ದೇ ಸರಿ. ನಾನೇ ಅಕ್ಕನ್ನ... ಏನು ಬೇಕೋ ಹಾಗೆ ಬರ್ಕೊಳ್ಳಿ. ನನ್ನನ್ನ ಕರ್ಕೊಂಡು ಹೋಗಿ."

"ಎಲ್ಲಿಗೆ ಕರ್ಕೊಂಡು ಹೋಗ್ಲಿ? ನಿನ್ನೆ ನಿಮ್ಮನ್ನ ಬಸ್ ಸ್ಟ್ಯಾಂಡಿಗೆ ಬಿಟ್ಟವಳು ನಾನು. ನಿಮ್ಮ ಗೆಳತಿಗೂ ಫೋನ್ ಮಾಡಿದ್ದೆ. ರಾತ್ರಿಯೆಲ್ಲ ಗೊರಕೆ ಹೊಡೆದು ಅವರ ನಿದ್ದೆ ಕೆಡಿಸಿದ್ದೀರಂತೆ. ನೋಡಿ, ನೀವು ಯಾರನ್ನ ಬಚ್ಚಿಡ್ತಿದ್ದೀರೋ ಅವರ ಹತ್ತಿರ ನಿಮ್ಮ ಅಕ್ಕ ಇದ್ದಾರೆ. ಔಷಧಿ ಇಲ್ಲದೆ ಇದ್ದಾರೆ. ನನಗೆ ಹೇಳದೆ ಇದ್ರೆ ಅವರನ್ನ ನೀವೇ ಕೊಂದ ಹಾಗೆ."

ಅವಳು ಅಕ್ಕನ ಕುರ್ಚಿಯ ಪಕ್ಕದಲ್ಲಿ ನೆಲದ ಮೇಲೆಯೇ ಕುಸಿದು ಕೂತಳು.

"ಪುಟ್ಟಿಗೆ ಕಳಿಸಿದ್ದೆ," ಎಂದಳು. "ದಿನಾ ಅವಳಿಗೊಂದು ಫೋಟೋ ಕಳಿಸ್ತೀನಿ. ಅವಳಿಗೆ ಬಿಟ್ರೆ ಇನ್ಯಾರಿಗೂ ಇಲ್ಲ."

ಪುಟ್ಟಿ ಎಂದರೆ ಅಕ್ಕನ ಒಬ್ಬಳೇ ಮಗಳು. ಒಂದು ರಾತ್ರಿಯ ರೈಲಿನಷ್ಟು ದೂರದ ಊರಿನಲ್ಲಿ ವಕೀಲಿ ಮಾಡುತ್ತಾಳೆ. ಬೆಳಿಗ್ಗೆ ನನಗೂ ಫೋನ್ ಮಾಡಿದ್ದಳು. "ಚಿಕ್ಕಮ್ಮನಿಗೆ ಧೈರ್ಯ ಹೇಳಿ ಮೇಡಂ, ನಾನು ಇಲ್ಲಿಂದ ರಾತ್ರಿ ರೈಲಿಗೆ ಹೊರಡ್ತೀನಿ" ಎಂದಿದ್ದಳು. ಎಂಥ ಗಟ್ಟಿ ಹುಡುಗಿ ಎಂದು ಮೆಚ್ಚಿಕೊಂಡಿದ್ದೆ. ಇಲ್ಲಿಂದ ಎಂದರೆ ಎಲ್ಲಿಂದ ಎಂದು ಕೇಳಬೇಕೆಂದು ನನಗೆ ಹೊಳೆದಿರಲಿಲ್ಲ.

"ಹೆತ್ತ ತಾಯಿಗೆ ಯಾಕೆ ಹೀಗೆ ಮಾಡ್ತಾಳೆ?"

"ಹೆತ್ತ ತಾಯಿ ಅಲ್ಲ." ತಂಗಿ ಶಾಲಿನ ಅಂಚನ್ನು ಮುಟ್ಟಿದಳು, ಎಳೆಯಲಿಲ್ಲ. "ಆ ಬೆಂಕೀಲಿ ಹೋದಳಲ್ಲ, ಅವಳ ಕೂಸು. ತೊಟ್ಟಿಲು ಹೊರಗಡೆ ಇತ್ತು, ಹಾಗಾಗಿ ಉಳಿಯಿತು. ಅಕ್ಕ ಎತ್ಕೊಂಡು ಬಂದಳು. ಹೆಸರಿಗೆ ಅಕ್ಕ ತಾಯಿ, ಸಾಕಿದ್ದು ನಾನು. ಶೂಟಿಂಗಿಗೂ ಸೊಂಟದ ಮೇಲೆ ಹೊತ್ಕೊಂಡೇ ಹೋಗ್ತಿದ್ದೆ. ಅಲ್ಲೇ ಆಟ ಆಡಿಸ್ತಿದ್ದೆ. ಕಣ್ಣು ಮುಚ್ಚು, ಈಗ ತೆಗಿ, ಏನು ಬದಲಾಗಿದೆ ಹೇಳು ಅಂತ. ಎಲ್ಲಾ ಮೊದಲಿನ ಹಾಗೇ ಇಡು ಅಂದ್ರೆ ಇಡ್ತಿದ್ದಳು. ಒಂದೂ ತಪ್ಪು ಮಾಡ್ತಿರಲಿಲ್ಲ."

"ಬೆಳಿಗ್ಗೆ ಬಾಗಿಲು ತೆಗೆದಾಗಲೇ ನಿಮಗೆ ಗೊತ್ತಾಯ್ತು, ಅಲ್ವಾ?"

ಅವಳು ತಲೆಯಾಡಿಸಿದಳು. ಈಗ ಕಣ್ಣೀರು ಬಂತು.

"ಹೋದ ವಾರ ಅಕ್ಕ ಅವಳಿಗೆ ಫೋನ್ ಮಾಡಿ ನಿನ್ನ ತಾಯಿ ಯಾರು, ಹೇಗೆ ಸತ್ತಳು ಅಂತ ಹೇಳಿದಳು. ಬೇಡ ಅಂತ ಕಾಲು ಹಿಡಿದೆ ಮೇಡಂ. ಭಾನುವಾರ ಹತ್ತು ಜನರ ಬಾಯಲ್ಲಿ ಕೇಳೋ ಬದಲು ಮನೆಯವರ ಬಾಯಲ್ಲಿ ಕೇಳ್ಲಿ ಅಂದಳು."

ಅಷ್ಟರಲ್ಲಿ ಅವಳು ಎದೆಗೊತ್ತಿಕೊಂಡಿದ್ದ ಫೋನು ಹೊಡೆದುಕೊಂಡಿತು. ಪರದೆಯ ಮೇಲೆ 'ಪುಟ್ಟಿ' ಎಂದಿತ್ತು.

"ಸ್ಪೀಕರ್ ಹಾಕಿ," ಎಂದು ಪಿಸುಗುಟ್ಟಿದೆ. "ನಾನು ಇಲ್ಲ. ಮಾತಾಡಿ."

"ಚಿಕ್ಕಮ್ಮಾ, ಆ ಪೊಲೀಸಮ್ಮ ಹೋದಳಾ?" ದನಿ ಬೆಳಗಿನಷ್ಟೇ ಶಾಂತವಾಗಿತ್ತು.

"ಹೋದ್ರು."

"ಏನಾದ್ರೂ ಗೊತ್ತಾಯ್ತಾ ಅವಳಿಗೆ?"

"ಇಲ್ಲ." ತಂಗಿ ಕಣ್ಣು ಮುಚ್ಚಿಕೊಂಡಳು. ಆಮೇಲೆ ಒಂದೇ ಉಸಿರಿಗೆ ಹೇಳಿದಳು: "ಪುಟ್ಟೀ, ಅಕ್ಕನಿಗೆ ಔಷಧಿ ಕೊಡು. ರಾತ್ರಿದೂ ತಪ್ಪಿದೆ, ಬೆಳಗಿನದೂ ತಪ್ಪಿದೆ. ಬೈಯೋದಾದ್ರೆ ಆಮೇಲೆ ಬೈಯಿ, ಏನು ಬೇಕಾದ್ರೂ ಕೇಳು. ಮೊದಲು ಔಷಧಿ ಕೊಡಮ್ಮ."

ನಾನು ಫೋನಿಗೆ ಕಿವಿಯಿಟ್ಟೆ. ಎಲ್ಲೋ ಹಿಂದಿನಿಂದ, ಗೋಡೆಯಾಚೆಯಿಂದ ಬಂದ ಹಾಗೆ, ಒಣಗಿದ ಗಂಟಲೊಂದು ನೀರು ಕೇಳಿತು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕೇಳಿತು.

ನಿನ್ನೆ ನಕ್ಕ ದನಿಯೇ ಅದು. ಬದುಕಿದ್ದಾಳೆ.

"ನೀನು ಕಂಡುಹಿಡೀತೀಯ ಅಂತ ಗೊತ್ತಿತ್ತು ಚಿಕ್ಕಮ್ಮ," ಎಂದಳು ಮಗಳು. "ನಾನೇನು ರಾಕ್ಷಸಿಯಲ್ಲ. ಔಷಧಿ ಅಂಗಡಿಯಿಂದ ತಂದಿಟ್ಟಿದ್ದೀನಿ, ನನ್ನ ಕಣ್ಣ ಮುಂದೇ ಇದೆ. ನಿಜ ಹೇಳಿದ ತಕ್ಷಣ ಕೊಡ್ತೀನಿ ಅಂತ ನಿನ್ನ ಅಕ್ಕನಿಗೆ ರಾತ್ರಿಯಿಂದ ಹೇಳ್ತಾ ಇದ್ದೀನಿ. ಈಗ ಬಾಯಿ ಬಿಟ್ಟಳು."

ಅಮ್ಮ ಎನ್ನಲಿಲ್ಲ. ನಿನ್ನ ಅಕ್ಕ ಎಂದಳು.

"ಏನಂದಳು?" ತಂಗಿ ಫೋನನ್ನು ಬಾಯಿಗೆ ಹತ್ತಿರ ತಂದಳು.

"ಚಿಲಕ ಹಾಕಿದ್ದು ತಾನಲ್ಲ ಅಂದಳು. ನೀನು ಅಂದಳು."

ತಂಗಿ ಫೋನನ್ನು ನೆಲದ ಮೇಲಿಟ್ಟಳು.

"ಅಕ್ಕ ಒಂದು ದಿನವಾದರೂ ನಾಯಕಿಯಾಗಲಿ ಅಂತ ನೀನು ಹಾಕಿದೆಯಂತೆ. ಇಷ್ಟು ವರ್ಷ ಆ ಮಾತು ತನ್ನ ತಲೆ ಮೇಲೆ ಹೊತ್ಕೊಂಡಳಂತೆ, ನೀನು ನನ್ನನ್ನ ಸಾಕ್ತಿದ್ದೆ ಅಂತ. ಸಾಯೋ ಪಾತ್ರ ಮಾಡಿ ಮಾಡಿ ಅಭ್ಯಾಸ ಇರೋಳು, ಹೇಗೆ ನಂಬ್ಲಿ ನಾನು? ನಿನ್ನ ಬಾಯಲ್ಲಿ ಕೇಳಬೇಕು. ಹೌದು ಅಂದ್ರೆ ಈಗಲೇ ಸೂಜಿ ಕೊಟ್ಟು, ಆಟೋ ಹತ್ತಿಸಿ ಮನೆಗೆ ಕಳಿಸ್ತೀನಿ. ಅಲ್ಲ ಅಂದ್ರೆ ಅವಳು ನನಗೆ ಇನ್ನೊಂದು ಸಲ ಸುಳ್ಳು ಹೇಳಿದ್ದಾಳೆ ಅಂತ, ಸೂಜಿ ಇಲ್ಲ."

ನಾನು ಮಂಡಿಯ ನೋವು ಮರೆತು ನೆಲಕ್ಕೆ ಕೂತು ತಂಗಿಯ ಎರಡೂ ಭುಜ ಹಿಡಿದೆ. ಹೌದು ಅನ್ನಿ ಎಂದು ತುಟಿಯಲ್ಲೇ ಹೇಳಿದೆ. ನಿಜವೋ ಸುಳ್ಳೋ ನನಗೆ ಬೇಕಿರಲಿಲ್ಲ. ಆ ಒಂದು ಮಾತು ಸಿಕ್ಕರೆ ಸಾಕಿತ್ತು, ಇಂಟರ್ವಲ್ ಅಕ್ಕ ಉಳಿಯುತ್ತಿದ್ದಳು.

"ಹೇಳು ಚಿಕ್ಕಮ್ಮ. ನನ್ನ ತಾಯಿಯ ಮೇಲೆ ಚಿಲಕ ಹಾಕಿದವಳು ನೀನಾ?" ಮೊದಲ ಸಲ ಆ ಶಾಂತ ದನಿ ಒಡೆಯಿತು. ಚಿಕ್ಕ ಮಗು ಕತ್ತಲಲ್ಲಿ ಕರೆದ ಹಾಗಿತ್ತು. "ನೀನಲ್ಲ ತಾನೇ?"

ತಂಗಿ ನನ್ನ ಮುಖ ನೋಡಿದಳು. ಫೋನಿನೊಳಗೆ ಆ ಒಣಗಿದ ಗಂಟಲು ಮತ್ತೊಮ್ಮೆ ನೀರು ಕೇಳಿತು.

"ನಾನಲ್ಲ ಮಗಾ," ಎಂದಳು ತಂಗಿ.

ಆ ಕಡೆ ಫೋನ್ ಇಟ್ಟ ಸದ್ದಾಯಿತು.